ವರ್ನಾ ಹುಡುಕಿದ ಕಾವಲಿ

ವರ್ನಾ ಪ್ರಾಟ್‌ಗೆ ಕೂತಲ್ಲಿ ಕೂರಲು ಬರುವುದಿಲ್ಲ. ಹಾಗೆಂದು ಊರೇ ಹೇಳುತ್ತದೆ, ಅವಳ ಗಂಡ ಕ್ಲೇಟನ್ ಇನ್ನೂ ಜೋರಾಗಿ ಹೇಳುತ್ತಾನೆ. ಜೀವಮಾನವೆಲ್ಲ ವರ್ಮಾಂಟಿನ ಗುಡ್ಡದ ರಸ್ತೆಗಳಲ್ಲಿ ಶಾಲೆಯ ಹಳದಿ ಬಸ್ಸು ಓಡಿಸಿದವಳು. ಆ ಬಸ್ಸಿನ ಸೀಟೊಂದನ್ನು ಬಿಟ್ಟರೆ ಬೇರೆ ಯಾವ ಕುರ್ಚಿಯೂ ಅವಳಿಗೆ ಹಿಡಿಸಿದ್ದಿಲ್ಲ. ನಿವೃತ್ತಿಯಾದ ಮೇಲಂತೂ ಕಾಲಿಗೆ ಚಕ್ರ ಕಟ್ಟಿಕೊಂಡವಳ ಹಾಗೆ ಅಡುಗೆಮನೆಯಿಂದ ಅಂಗಳಕ್ಕೆ, ಅಂಗಳದಿಂದ ಅಂಚೆಕಚೇರಿಗೆ. ಆದರೆ ಆ ಮಾರ್ಚ್ ತಿಂಗಳ ಚಡಪಡಿಕೆಯೇ ಬೇರೆ. ಅದನ್ನು ಹಚ್ಚಿದ್ದು ಮಗಳು ಟೆಸ್ಸಾಳ ಒಂದು ಫೋನು.

"ಭಾನುವಾರ ಬರ್ತೀವಮ್ಮ," ಎಂದಿದ್ದಳು ಟೆಸ್ಸಾ. "ಆದ್ರೆ ಮನೇಲಿ ಬೇಡ. ಹೊರಗೆ ಎಲ್ಲಾದ್ರೂ ಪ್ಯಾನ್‌ಕೇಕ್ ತಿನ್ನೋಣ. ಜಾಗ ನೀನೇ ನೋಡು. ಎಲ್ಲರಿಗೂ ಆಗೋ ಅಂಥದ್ದು ಇರ್ಲಿ." ಆಮೇಲೆ, "ಮುಂದಿನ ತಿಂಗಳು ನಮ್ಮ ಪುಟ್ಟಿ ಜೂನಿಗೆ ಶಾಲೆ ರಜ. ಅಜ್ಜಿ ಮನೇಲಿ ಒಂದು ವಾರ ಇರ್ತೀನಿ ಅಂತ ಪ್ರಾಣ ತಿಂತಿದಾಳೆ. ನೋಡೋಣ ಅಂದಿದೀನಿ," ಎಂದಳು.

'ಮನೇಲಿ ಬೇಡ' ಎಂಬುದು ವರ್ನಾಳ ಎದೆಗೆ ಮುಳ್ಳಿನ ಹಾಗೆ ನೆಟ್ಟಿತು. ಯಾಕೆ ಬೇಡ ಎಂದು ಅವಳಿಗೆ ಯಾರೂ ಹೇಳಬೇಕಾಗಿರಲಿಲ್ಲ. ಮೊಮ್ಮಗಳು ಜೂನಿಗೆ ಹಾಲು ಆಗುವುದಿಲ್ಲ. ಹಾಲು, ಬೆಣ್ಣೆ, ಚೀಸು, ಯಾವುದು ಚೂರು ಒಳಗೆ ಹೋದರೂ ಗಂಟಲು ಬಾತುಕೊಳ್ಳುತ್ತದೆ. ಹೋದ ವರ್ಷ ಅವರು ಬಂದಿದ್ದಾಗ ವರ್ನಾ ತೆಂಗಿನ ಹಾಲು ತಂದು, ಬಟ್ಟಲು ಸೌಟು ಎಲ್ಲ ಬೇರೆ ಇಟ್ಟು, ಮಗುವಿಗೆಂದೇ ಹಿಟ್ಟು ಕಲಸಿದ್ದಳು. ಅಷ್ಟೆಲ್ಲ ಸರಿಯಾಗಿ ಮಾಡಿ, ಬಾಣಲೆ ಕಾದ ಹೊತ್ತಿಗೆ, ತನ್ನ ಅಮ್ಮನಿಂದ ಕಲಿತ ಕೈ ಬೆಣ್ಣೆ ಸುತ್ತಿದ್ದ ಕಾಗದ ತೆಗೆದು ಬಾಣಲೆಯನ್ನೊಮ್ಮೆ ಒರೆಸಿಬಿಟ್ಟಿತು. ಮನಸ್ಸಿಗೆ ಗೊತ್ತೇ ಆಗಲಿಲ್ಲ. ಮಗುವಿನ ತುಟಿ ಊದಿಕೊಂಡಿತು, ಉಸಿರು ಕುಯ್‌ಗುಟ್ಟಿತು. ಟೆಸ್ಸಾ ಹೆಗಲಿನ ಕೆಂಪು ಚೀಲದಿಂದ ಔಷಧದ ಸೂಜಿ ತೆಗೆದು ಮಗಳ ತೊಡೆಗೆ ಚುಚ್ಚಿದಳು, ಆಂಬುಲೆನ್ಸ್ ಬಂತು, ಮಗು ಉಳಿಯಿತು. ಅವತ್ತಿನಿಂದ ಟೆಸ್ಸಾ ಮಗುವನ್ನು ಈ ಮನೆಯ ಹೊಸಿಲು ದಾಟಿಸಿಲ್ಲ. ಆ ಕೆಂಪು ಚೀಲವನ್ನಂತೂ ಯಾರ ಕೈಗೂ ಕೊಡುವುದಿಲ್ಲ, ಬಚ್ಚಲಿಗೆ ಹೋದರೂ ಹೆಗಲಿಗೆ ಹಾಕಿಕೊಂಡೇ ಹೋಗುತ್ತಾಳೆ.

ಈಗ ಆ 'ನೋಡೋಣ' ಅನ್ನುವ ಒಂದು ಮಾತಿನ ಮೇಲೆ ವರ್ನಾಳ ಜೀವ ನೇತಾಡುತ್ತಿತ್ತು. ಭಾನುವಾರ ಕೆಟ್ಟಿತೋ, ಮಗು ಬರುವುದಿಲ್ಲ. ರಜಕ್ಕೂ ಬರುವುದಿಲ್ಲ, ಎಂದಿಗೂ ಬರುವುದಿಲ್ಲ.

ಮಗುವಿನದೊಂದೇ ಆಗಿದ್ದರೆ ಹೇಗೋ ಆಗುತ್ತಿತ್ತು. ಟೆಸ್ಸಾಳ ಹೊಟ್ಟೆಗೆ ಗೋಧಿ ಒಗ್ಗುವುದಿಲ್ಲ. ಅಳಿಯ ಏರನ್ ಮಾಂಸ ಮುಟ್ಟುವುದಿಲ್ಲ, ಹಂದಿಯ ಕೊಬ್ಬು ಸವರಿದ ಕಾವಲಿಯಲ್ಲಿ ಬೆಂದದ್ದನ್ನೂ ತಿನ್ನುವುದಿಲ್ಲ. ಕ್ಲೇಟನ್‌ಗೆ ಸಕ್ಕರೆ ಕಾಯಿಲೆ.

"ಮೊದ್ಲೆಲ್ಲ ಹಸಿವಾದ್ರೆ ಪ್ಯಾನ್‌ಕೇಕ್ ತಿನ್ನೋಕೆ ಹೋಗ್ತಿದ್ವಿ," ಎಂದ ಕ್ಲೇಟನ್. "ಈಗ ಜೊತೇಲಿ ಡಾಕ್ಟ್ರನ್ನ ಕರ್ಕೊಂಡು ಹೋಗ್ಬೇಕು."

"ನಿನ್ನ ಬಾಯಿಗೆ ಬೀಗ ಹಾಕೋ ಹೋಟೆಲ್ ಸಿಕ್ಕಿದ್ರೆ ಮೊದ್ಲು ಅಲ್ಲಿಗೇ ಹೋಗ್ತೀನಿ," ಎಂದು ವರ್ನಾ ಕಾರಿನ ಬೀಗದ ಕೈ ಎತ್ತಿಕೊಂಡಳು.

ಮಂಜು ಕರಗುವ ಕಾಲ, ಮಣ್ಣಿನ ರಸ್ತೆಗಳೆಲ್ಲ ಕೆಸರಾಗಿ ಚಕ್ರ ನುಂಗುತ್ತಿದ್ದವು. ಬುದ್ಧಿ ಇರುವವರು ಮನೆಯಲ್ಲಿರುವ ಆ ವಾರವೆಲ್ಲ ವರ್ನಾ ರಸ್ತೆಯಲ್ಲಿದ್ದಳು. ಮೊದಲು ಹೋದದ್ದು ಅಂಚೆಕಚೇರಿ ಪಕ್ಕದ ಗಿಲ್‌ನ ಹೋಟೆಲಿಗೆ. ಗಿಲ್ ಚಿಕ್ಕವನಿದ್ದಾಗ ಅವಳ ಬಸ್ಸಿನಲ್ಲೇ ಶಾಲೆಗೆ ಹೋದವನು. ಅವನದು ಒಂದೇ ಉದ್ದನೆಯ ಕಾವಲಿ. ಒಂದು ತುದಿಯಲ್ಲಿ ಹಂದಿಮಾಂಸದ ಬೇಕನ್ ಚುರುಗುಟ್ಟುತ್ತಿತ್ತು, ಇನ್ನೊಂದು ತುದಿಯಲ್ಲಿ ಬೆಣ್ಣೆ ಹರಿದಾಡುತ್ತಿತ್ತು.

"ನಿಂಗೋಸ್ಕರ ಚೆನ್ನಾಗಿ ಒರೆಸಿ ಹುಯ್ಕೊಡ್ತೀನಿ ವರ್ನಾ, ಚಿಂತೆ ಬಿಡು," ಎಂದ ಗಿಲ್.

"ನಿನ್ನ ಒರೆಸೋದು ನಂಗೊತ್ತಿಲ್ವೇನೋ? ನೀನು ಚೂಯಿಂಗ್ ಗಮ್ ಅಂಟಿಸಿದ ಸೀಟು ರಿಟೈರ್ ಆಗೋವರ್ಗೂ ಕೆರೀತಾನೇ ಇದ್ದೆ," ಎಂದು ಅವಳು ಹೊರಬಿದ್ದಳು.

ಎರಡನೆಯದು ಗುಡ್ಡದ ಮೇಲೆ, ಹಿಮದಲ್ಲಿ ಜಾರಾಡಲು ಬರುವ ಪಟ್ಟಣದವರಿಗಾಗಿ ಮಾಡಿದ್ದು. ಕುರ್ಚಿಗಳು ನೋಡಲು ಚೆಂದ. ಅಲ್ಲಿನ ಹುಡುಗಿ ಕೇಳಿದ್ದಕ್ಕೆಲ್ಲ ನಗುನಗುತ್ತ ತಲೆಯಾಡಿಸಿದಳು. ಹಾಲಿಲ್ಲದ್ದು ಆಗುತ್ತಾ? ಖಂಡಿತ. ಗೋಧಿ ಇಲ್ಲದ್ದು? ಖಂಡಿತ. ಕಾವಲಿ ಬೇರೆ ಇದೆಯಾ? ಅದೂ ಖಂಡಿತ. ಒಂದು ಸಲವಾದರೂ ಒಳಗೆ ಹೋಗಿ ಅಡುಗೆಯವರನ್ನು ಕೇಳಲಿಲ್ಲ. ಹೋಂವರ್ಕ್ ಮಾಡಿದ್ದೀಯಾ ಅಂದರೆ ತಕ್ಷಣ ಹೂಂ ಅನ್ನುವ ಮಕ್ಕಳನ್ನು ವರ್ನಾ ಬೇಕಾದಷ್ಟು ನೋಡಿದ್ದಳು. ಅಲ್ಲಿಂದಲೂ ಎದ್ದಳು.

ಮನೆಗೆ ಬಂದರೆ ನಿದ್ದೆ ಇಲ್ಲ, ಊಟ ಸೇರದು. ಹಾಸಿಗೆಯಲ್ಲಿ ಹೊರಳಾಡಿದರೆ ಕ್ಲೇಟನ್ ಬೈದ. "ಮಲ್ಕೊಳ್ಳೆ ಮಹಾತಾಯಿ. ಮಗು ಬರೋ ಹೊತ್ತಿಗೆ ನೀನು ಆಸ್ಪತ್ರೆ ಸೇರ್ತೀಯ."

"ಮಗು ಸೇರೋದಕ್ಕಿಂತ ವಾಸಿ," ಎಂದಳು ವರ್ನಾ.

ಕೊನೆಗೆ ಸಿಕ್ಕಿದ್ದು ಪಕ್ಕದ ಊರಿನ ಹಳೇ ರೈಲು ನಿಲ್ದಾಣ. ರೈಲು ನಿಂತುಹೋದ ಮೇಲೆ ಫ್ರಾನ್ಸೀನ್ ಎಂಬ ಗಟ್ಟಿಗಿತ್ತಿ ಅಲ್ಲೊಂದು ತಿಂಡಿಮನೆ ತೆರೆದಿದ್ದಳು. ವರ್ನಾ ಕೇಳಿದ ಮೊದಲ ಪ್ರಶ್ನೆಗೇ ಅವಳು, "ಗೊತ್ತಿಲ್ಲ, ಚೀಲದ ಮೇಲೆ ಏನು ಬರೆದಿದೆಯೋ ನೋಡ್ಬೇಕು," ಎಂದು ಒಳಗೆ ಹೋದಳು. ವರ್ನಾಗೆ ಅರ್ಧ ಜೀವ ಅಲ್ಲೇ ಬಂತು. ಮುಸುಕಿನ ಜೋಳದ ಹಿಟ್ಟಿನದು ಇದೆ, ಅದಕ್ಕೆ ಹಾಲೂ ಇಲ್ಲ ಗೋಧಿಯೂ ಇಲ್ಲ. ಹಾಲು ಆಗದ ಒಬ್ಬ ಗಿರಾಕಿಗೆಂದೇ ಇಟ್ಟ ಸಣ್ಣ ಕಾವಲಿ ಗೋಡೆಗೆ ನೇತು ಹಾಕಿದೆ, ಅದಕ್ಕೆ ಎಣ್ಣೆ ಬಿಟ್ಟು ಬೇರೇನೂ ಸೋಕಿಲ್ಲ. ವರ್ನಾ ಒಳಗೆ ನುಗ್ಗಿ ಕಾವಲಿಯನ್ನು ಮೂಸಿಯೇ ನೋಡಿದಳು.

"ನಿಮ್ಮ ಯಜಮಾನ್ರಿಗೆ ಪ್ಯಾನ್‌ಕೇಕ್ ಮೇಲೆ ಹುಯ್ಕೊಳ್ಳೋಕೆ ಸಕ್ಕರೆ ಇಲ್ದೆ ಇರೋ ಪಾಕ ಮಾತ್ರ ನನ್ನತ್ರ ಇಲ್ಲ," ಎಂದಳು ಫ್ರಾನ್ಸೀನ್.

"ಅವನಿಗೆ ಎರಡು ಮೊಟ್ಟೆ ಒಡೆದು ಹಾಕಿ ಸಾಕು. ಆದ್ರೆ ಇದೇನ್ರಿ ಇದು?" ವರ್ನಾ ಮೇಜಿನ ಮೇಲಿದ್ದ ಪ್ಲಾಸ್ಟಿಕ್ ಸೀಸೆಯನ್ನು ಎರಡೇ ಬೆರಳಲ್ಲಿ ಎತ್ತಿದಳು. ಕಾರ್ಖಾನೆಯ ಪಾಕ. ಕಂದು ಬಣ್ಣ ಹಾಕಿದ ಸಿಹಿನೀರು. ರಸ ಕಾಯಿಸಿ ಪಾಕ ಇಳಿಸುವ ಮೇಪಲ್ ಮರಗಳ ನಾಡಿನಲ್ಲಿ ಕೂತು ಇದನ್ನು ಸುರಿದುಕೊಳ್ಳುವುದಕ್ಕಿಂತ ಉಪವಾಸ ಲೇಸು ಎನ್ನುವ ವಂಶ ಅವಳದು.

"ಅಸಲಿ ಪಾಕ ಎಲ್ಲರಿಗೂ ಕೊಟ್ರೆ ನಾನು ಅಂಗಡಿ ಮುಚ್ಚಬೇಕಾಗುತ್ತೆ. ನೀವೇ ತಂದ್ಕೊಳ್ಳಿ. ಇಲ್ಲಿನೋರೆಲ್ಲ ಚೀಲದಲ್ಲಿ ಇಟ್ಕೊಂಡೇ ಬರ್ತಾರೆ."

ಅಷ್ಟು ಹೇಳಿದ್ದೇ ತಡ, ಶನಿವಾರ ವರ್ನಾ ಅಣ್ಣ ಎಲ್ಡನ್‌ನ ಪಾಕದ ಮನೆಯಲ್ಲಿದ್ದಳು. ಮರಗಳಿಂದ ಇಳಿಸಿದ ರಸ ದೊಡ್ಡ ತಟ್ಟೆ ಪಾತ್ರೆಯಲ್ಲಿ ಕುದಿಯುತ್ತ ಮಾಡು ತುಂಬ ಹಬೆ ಕಟ್ಟಿತ್ತು. ಎಲ್ಡನ್ ಒಲೆಗೆ ಸೌದೆ ನೂಕುತ್ತಿದ್ದ. ವರ್ನಾ ನಿಂತಲ್ಲಿ ನಿಲ್ಲದೆ ಫ್ರಾನ್ಸೀನಳ ಕಾವಲಿಯ ಕತೆಯನ್ನೆಲ್ಲ ಹೇಳುತ್ತಿದ್ದಳು. ಅಷ್ಟರಲ್ಲಿ ಪಾಕದ ನೊರೆ ಬುಸ್ಸನೆ ಅಂಚಿನ ತನಕ ಏರಿತು.

"ವರ್ನಾ, ನೊರೆ ನೋಡು," ಎಂದು ಎಲ್ಡನ್ ಕೂಗಿದ.

ಕಿಟಕಿಯ ಅಂಚಿನಲ್ಲಿ ಎಂದಿನ ಜಾಗದಲ್ಲೇ ಬಟ್ಟಲಿತ್ತು. ಅವಳು ಒಂದು ಚಿಟಿಕೆ ತೆಗೆದು ಪಾತ್ರೆಗೆ ಹಾಕಿದಳು. ನೊರೆ ಸುಮ್ಮನೆ ಕೆಳಗಿಳಿಯಿತು. ಬೆಣ್ಣೆ ಕಂಡರೆ ಕುದಿಯುವ ಪಾಕ ತಣಿಯುತ್ತದೆ, ಹಳಬರೆಲ್ಲ ಹಾಗೇ ಮಾಡುತ್ತಾರೆ. ಲಂಗ ಹಾಕುವ ಕಾಲದಿಂದ ಅದು ಅವಳದೇ ಕೆಲಸ. ಕಾವಲಿಯ ಕತೆಯನ್ನು ಬಿಟ್ಟಲ್ಲಿಂದ ಮುಂದುವರಿಸಿ, ಪಾಕ ಇಳಿದ ಮೇಲೆ ಬಿಸಿಬಿಸಿಯಾಗಿ ಗಾಜಿನ ಸೀಸೆಗೆ ತುಂಬಿಸಿಕೊಂಡು ಮನೆಗೆ ಬಂದಳು.

ಭಾನುವಾರ ಎಲ್ಲವೂ ಚೆನ್ನಾಗಿಯೇ ಇತ್ತು. ಜೂನಿ ಎತ್ತರವಾಗಿದ್ದಳು, ಮುಂದಿನ ಹಲ್ಲು ಬಿದ್ದಿತ್ತು. ಟೆಸ್ಸಾ ಅಮ್ಮನ ಕೆನ್ನೆಗೆ ಕೆನ್ನೆ ತಾಗಿಸಿದಳು, ಆದರೆ ಚೀಲವನ್ನು ಮಡಿಲಲ್ಲಿಟ್ಟುಕೊಂಡೇ ಕೂತಳು. ಫ್ರಾನ್ಸೀನ್ ಕೇಳಿದ್ದಕ್ಕೆಲ್ಲ ಸರಿಯಾಗಿ ಉತ್ತರ ಕೊಟ್ಟಳು. ಕಾವಲಿಯನ್ನು ತಂದು ತೋರಿಸಿದಳು.

"ಇಷ್ಟೆಲ್ಲ ವಿಚಾರಿಸಿದ್ಯಾ ಅಮ್ಮ?" ಎಂದಳು ಟೆಸ್ಸಾ, ಸ್ವಲ್ಪ ಮೆತ್ತಗೆ.

"ವಿಚಾರಿಸಿದ್ಳಾ? ಈ ಜಿಲ್ಲೇಲಿ ಅವಳು ಮೂಸದೆ ಇರೋ ಕಾವಲಿ ಇಲ್ಲ," ಎಂದ ಕ್ಲೇಟನ್. ಏರನ್ ನಕ್ಕ. ಟೆಸ್ಸಾ ಕೂಡ ನಕ್ಕಳು. ಆ ನಗು ನೋಡಿ ವರ್ನಾಳ ಹೊಟ್ಟೆ ತಣ್ಣಗಾಯಿತು. ಬಂತು, ಇನ್ನೇನು ಮಗು ರಜಕ್ಕೆ ಬಂತು ಅನ್ನಿಸಿತು.

ಹೊಂಬಣ್ಣದ ಪ್ಯಾನ್‌ಕೇಕ್‌ಗಳು ಬಂದವು. ವರ್ನಾ ತನ್ನ ಚೀಲದಿಂದ ಟವೆಲ್ಲು ಸುತ್ತಿದ ಸೀಸೆ ತೆಗೆದಳು. ಮುಚ್ಚಳ ಬಿಚ್ಚಿ, ಮೊದಲು ಮಗುವಿಗೇ ಎಂದು ಜೂನಿಯ ತಟ್ಟೆಯ ಮೇಲೆ ಬಗ್ಗಿಸಿದಳು.

"ಇದು ಎಲ್ಡನ್ ತಾತ ಮಾಡಿದ್ದಾ ಅಜ್ಜಿ?"

"ಹೂಂ ಕಣೆ, ನಿನ್ನೆ ಇಳಿಸಿದ್ದು. ನಾನೇ ನಿಂತು..."

'ನಾನೇ' ಅಂದದ್ದೇ, ಅವಳ ಹೆಬ್ಬೆರಳು ತೋರುಬೆರಳಿನ ನಡುವೆ ಬೆಣ್ಣೆಯ ಆ ಜಿಡ್ಡು ಮತ್ತೆ ಬಂದು ಕೂತಿತು. ಪಾಕ ಸೀಸೆಯ ಬಾಯಿಯ ತನಕ ಬಂದಿತ್ತು. ಸರಕ್ಕನೆ ಹಿಂದಕ್ಕೆಳೆದರೆ ಒಂದು ಹನಿ ಮೇಜಿನ ಮೇಲೆ ಬಿತ್ತು. ಮಕ್ಕಳ ಬುದ್ಧಿ, ಜೂನಿಯ ಬೆರಳು ಆ ಹನಿಯ ಕಡೆಗೆ ಹೋಯಿತು. ವರ್ನಾ ಅವಳ ಮಣಿಕಟ್ಟನ್ನು ಗಬಕ್ಕನೆ ಹಿಡಿದಳು. ಮಗು ಬೆಚ್ಚಿತು. ಟೆಸ್ಸಾಳ ಕೈ ಆಗಲೇ ಕೆಂಪು ಚೀಲದ ಜಿಪ್ಪಿನ ಮೇಲಿತ್ತು.

"ಏನಾಯ್ತಮ್ಮ?"

ಕಂಕುಳಲ್ಲಿ ಕೂಸು ಇಟ್ಟುಕೊಂಡು ಊರೆಲ್ಲ ಹುಡುಕಿದರಂತೆ. ಊರವರ ಕಾವಲಿಗಳನ್ನೆಲ್ಲ ಮೂಸಿ ಬಂದವಳು ವಿಷವನ್ನು ತನ್ನ ಚೀಲದಲ್ಲೇ ಟವೆಲ್ಲು ಸುತ್ತಿ ತಂದಿದ್ದಳು. ಸೀಸೆಯಲ್ಲಿ ಹುಳ ಬಿದ್ದಿದೆ ಅಂದರೆ ಸಾಕಿತ್ತು. ಗಾಜು ಬಿರುಕು ಬಿಟ್ಟಿದೆ ಅಂದರೂ ಸಾಕಿತ್ತು. ಯಾರೂ ಎರಡನೇ ಮಾತು ಕೇಳುತ್ತಿರಲಿಲ್ಲ, ಮಗು ರಜಕ್ಕೆ ಬರುತ್ತಿತ್ತು. ಸುಳ್ಳು ನಾಲಗೆಯ ತುದಿಗೆ ಬಂದು ನಿಂತಿದ್ದು ವರ್ನಾಗೆ ಚೆನ್ನಾಗಿ ಗೊತ್ತಾಯಿತು.

"ಇದರಲ್ಲಿ ಬೆಣ್ಣೆ ಇದೆ," ಎಂದಳು. "ನೊರೆ ಇಳಿಸೋಕೆ ಹಾಕ್ತಾರಲ್ಲ, ಅದು. ನಾನೇ ಹಾಕಿದ್ದು ಟೆಸ್ಸಾ. ನಿನ್ನೆ, ಈ ಕೈಯಿಂದಾನೇ. ಗ್ಯಾನವೇ ಇರ್ಲಿಲ್ಲ."

ಕ್ಲೇಟನ್ ತನ್ನ ಮೊಟ್ಟೆ ನೋಡುತ್ತ ಕೂತ. ವರ್ನಾ ಒದ್ದೆ ಬಟ್ಟೆ ಕೇಳಿ ಮೇಜು ಒರೆಸಿದಳು, ಮಗುವಿನ ಬೆರಳು ಒರೆಸಿದಳು, ತಟ್ಟೆ ಬದಲಾಯಿಸಿಕೊಡಿ ಎಂದು ಫ್ರಾನ್ಸೀನ್‌ಗೆ ಹೇಳಿದಳು, ಸೀಸೆಯನ್ನು ಹೊರಗೆ ಕಾರಿನಲ್ಲಿಟ್ಟು ಕೈ ತೊಳೆದು ಬಂದಳು. ಬಂದು ಟೆಸ್ಸಾಳ ಮುಖ ನೋಡಲಾರದೆ, ಆ ಪ್ಲಾಸ್ಟಿಕ್ ಸೀಸೆಯನ್ನು ಎತ್ತಿ, ಹಿಂದಿನ ಸಣ್ಣ ಅಕ್ಷರಗಳನ್ನು ಕನ್ನಡಕ ಏರಿಸಿ ಎರಡು ಸಲ ಓದಿದಳು. ಹಾಲಿನ ಸುಳಿವೂ ಇರಲಿಲ್ಲ. ಮೇಪಲ್‌ನ ಸುಳಿವೂ ಇರಲಿಲ್ಲ. ವಂಶದಲ್ಲಿ ಮೊದಲ ಬಾರಿಗೆ ಒಬ್ಬ ಪ್ರಾಟ್ ಹೆಂಗಸು ಮೊಮ್ಮಗಳ ತಟ್ಟೆಗೆ ಕಾರ್ಖಾನೆಯ ಪಾಕ ಸುರಿದಳು.

"ಇದು ತುಂಬಾ ಚೆನ್ನಾಗಿದೆ ಅಜ್ಜಿ," ಎಂದಳು ಜೂನಿ, ಬಾಯಿ ತುಂಬಿಕೊಂಡು.

"ಎಲ್ಡನ್ ತಾತನ ಮುಂದೆ ಹೇಳ್ಬೇಡ. ಹಾರ್ಟ್ ನಿಂತ್ಹೋಗುತ್ತೆ," ಎಂದ ಕ್ಲೇಟನ್.

ಟೆಸ್ಸಾ ನಗಲಿಲ್ಲ. ಕಿಟಕಿಯಾಚೆ ತುಕ್ಕು ಹಿಡಿದ ಹಳಿಗಳ ಕಡೆ ನೋಡಿದಳು. ಆಮೇಲೆ, "ಚಿಕ್ಕೋಳಿದ್ದಾಗ ನಾನೂ ಬೆಣ್ಣೆ ಹಾಕ್ತಿದ್ದೆ ಅಲ್ವಾ," ಎಂದಳು. "ಸ್ಟೂಲ್ ಮೇಲೆ ನಿಂತ್ಕೊಂಡು. ನೀನು ಸೀಸೆ ತೆಗೆದಾಗ ನಂಗೂ ನೆನಪಾಗ್ಲಿಲ್ಲಮ್ಮ. ನಾನೂ ನೋಡ್ತಾನೇ ಕೂತಿದ್ದೆ."

ಎದ್ದು ಕಾಫಿ ತರಲೇ, ಟಿಶ್ಯೂ ತರಲೇ ಎಂದು ವರ್ನಾಳ ಕಾಲು ತುಡಿಯುತ್ತಿತ್ತು. ಎದ್ದೇಬಿಟ್ಟಳು.

"ಕೂತ್ಕೊ," ಎಂದಳು ಟೆಸ್ಸಾ. ತಾನು ಎದ್ದು ನಿಂತು, ಕೆಂಪು ಚೀಲವನ್ನು ಅಮ್ಮನ ಮಡಿಲಲ್ಲಿಟ್ಟಳು. "ಇದು ನಿನ್ನತ್ರ ಇರ್ಲಿ. ಬಚ್ಚಲಿಗೆ ಹೋಗಿ ಬರ್ತೀನಿ. ಸೂಜಿ ಎಡಗಡೆ ಜೇಬಲ್ಲಿದೆ."

ಅವಳು ಹೋದಳು. ವರ್ನಾ ಎರಡೂ ಕೈಯಲ್ಲಿ ಚೀಲ ಹಿಡಿದು, ಮಗು ತಿನ್ನುವುದನ್ನೇ ನೋಡುತ್ತ ಕೂತಳು.

"ಕಾಫಿ ಆರ್ತಿದೆ ಕಣೆ," ಎಂದ ಕ್ಲೇಟನ್.

ಅವಳು ಅಲ್ಲಾಡಲಿಲ್ಲ. ಟೆಸ್ಸಾ ವಾಪಸು ಬಂದು ಕುರ್ಚಿ ಎಳೆದುಕೊಂಡು ಕೂತ ಮೇಲೂ ವರ್ನಾ ಹಾಗೆಯೇ ಕೂತಿದ್ದಳು. ಟೆಸ್ಸಾ ಚೀಲವನ್ನು ವಾಪಸು ಕೇಳಲಿಲ್ಲ.