ಮಿಲ್ಲಿನ ಅಟ್ಟದಿಂದ ಕಂಡ ಕುಸ್ತಿ

ನರ್ಸರಿಯವರು ಕಳಿಸಿದ ಮಣ್ಣಿನ ಚೀಲವನ್ನು ಇವತ್ತು ಬೆಳಿಗ್ಗೆ ತಾರಸಿಯ ಮೇಲೆ ಬಿಚ್ಚಿದೆ. ಕೆಮ್ಮಣ್ಣಿಗೆ ಬೇವಿನ ಹಿಂಡಿ ಬೆರೆಸಿದ್ದರು. ಆ ವಾಸನೆಗೆ ನನಗೆ ಗಿಡ ನೆನಪಾಗಲಿಲ್ಲ, ಟಿ. ನರಸೀಪುರದ ಗರಡಿ ನೆನಪಾಯಿತು. ತಮಾಷೆಯೆಂದರೆ ನಾನು ಆ ಗರಡಿಯೊಳಗೆ ಒಂದು ಸಲವೂ ಕಾಲಿಟ್ಟವಳಲ್ಲ. ಹೆಂಗಸರು ಅಲ್ಲಿಗೆ ಹೋಗುವಂತಿರಲಿಲ್ಲ. ಎಣ್ಣೆ, ಮಜ್ಜಿಗೆ, ಅರಿಸಿನ ಹಾಕಿ ಹದ ಮಾಡಿದ ಮಣ್ಣಿನ ವಾಸನೆ ಮಾತ್ರ ಯಾರ ಅಪ್ಪಣೆಯನ್ನೂ ಕೇಳದೆ ಗೋಡೆ ದಾಟಿ ನಮ್ಮ ಅಡುಗೆಮನೆಗೆ ಬರುತ್ತಿತ್ತು.

ತಾರಸಿಯ ಇನ್ನೊಂದು ತುದಿಯಲ್ಲಿ ನನ್ನ ಮೈದುನ ಕೆಂಪರಾಜು ಕುರ್ಚಿ ಹಾಕಿಕೊಂಡು ಪೇಪರ್ ಓದುತ್ತಿದ್ದ. ಆಗಾಗ ನಮ್ಮ ಮೈಸೂರಿನ ಮನೆಗೆ ಬಂದು ನಾಲ್ಕು ದಿನ ಇದ್ದು ಹೋಗುತ್ತಾನೆ. ಕರೆದರೆ ಅವನು ತಲೆ ತಿರುಗಿಸುವುದಿಲ್ಲ, ಇಡೀ ಮೈ ತಿರುಗಿಸುತ್ತಾನೆ. ಅದಕ್ಕೇ ನಮ್ಮ ಮನೆಯಲ್ಲಿ ಯಾರೂ ಅವನನ್ನು ಹಿಂದಿನಿಂದ ಕರೆಯುವುದಿಲ್ಲ; ಸುತ್ತು ಹಾಕಿ ಎದುರಿಗೆ ಬಂದು ಮಾತಾಡಿಸುತ್ತೇವೆ. ಹೊಸಬರಿಗೆ ಇದು ದೊಡ್ಡ ಮರ್ಯಾದೆಯಂತೆ ಕಾಣುತ್ತದೆ.

ಕುಸ್ತಿಯ ಬಗ್ಗೆ ಬರೆಯಲು ನನಗೆ ಅಧಿಕಾರವಿಲ್ಲ ಎಂದು ನೀವು ಹೇಳಿದರೆ ಒಪ್ಪುತ್ತೇನೆ. ಒಂದು ಪಟ್ಟಿನ ಹೆಸರೂ ನನಗೆ ಇವತ್ತಿಗೂ ಬಾರದು. ಆದರೆ ನಂಜನಗೂಡಿನಲ್ಲಿ ಮೇಷ್ಟರಾಗಿದ್ದ ನಮ್ಮಪ್ಪ ಚಿಕ್ಕಂದಿನಲ್ಲಿ ನಮಗೊಂದು ಅಭ್ಯಾಸ ಮಾಡಿಸಿದ್ದರು. ಬೀದಿಯಿಂದ ಏನು ಸುದ್ದಿ ತಂದರೂ, ‘ಕಂಡದ್ದೆಷ್ಟು, ಕೇಳಿದ್ದೆಷ್ಟು, ಬೇರೆ ಮಾಡಿ ಹೇಳು’ ಎನ್ನುತ್ತಿದ್ದರು. ನನ್ನ ಬಂಡವಾಳ ಅಷ್ಟೇ.

ಎಪ್ಪತ್ತರ ದಶಕದ ಕೊನೆಯಲ್ಲಿ ನರಸೀಪುರದ ಆ ಮನೆಗೆ ಸೊಸೆಯಾಗಿ ಬಂದೆ. ಮಾವನವರದು ಅಕ್ಕಿ ಮಿಲ್ಲು. ಮಿಲ್ಲಿನ ಹಿಂದೆ ಗರಡಿ, ಅದಕ್ಕೂ ಅವರೇ ಯಜಮಾನರು. ಗಂಡನ ತಮ್ಮ ಕೆಂಪರಾಜು ಆ ಗರಡಿಯ ಪೈಲ್ವಾನ. ಅವನಿಗೆ ಬಾದಾಮಿ ಅರೆದು ಕೊಡುವ ಕೆಲಸ ಹೊಸ ಸೊಸೆಯ ಪಾಲಿಗೆ ಬಂತು. ನನ್ನ ತವರಿನಲ್ಲಿ ಬಾದಾಮಿ ಎಂದರೆ ಹಬ್ಬದ ಪಾಯಸದ ಮೇಲೆ ತೇಲುವ ಚೂರು. ಇಲ್ಲಿ ಚಟ್ನಿಯ ಹಾಗೆ ರುಬ್ಬಬೇಕಿತ್ತು. ರುಬ್ಬುತ್ತಾ ನಾನೂ ಒಂದೆರಡು ಬಾಯಿಗೆ ಹಾಕಿಕೊಳ್ಳುತ್ತಿದ್ದೆ. ಒಂದು ದಿನ ಅವನು ಲೋಟದಲ್ಲಿ ಇಣುಕಿ, ‘ಅತ್ತಿಗೆ, ಬಾದಾಮಿ ಎಲ್ಲೋಯ್ತದೆ ಅಂತ ನಿಮ್ ತೋಳು ನೋಡುದ್ರೆ ಗೊತ್ತಾಯ್ತದೆ ಬುಡಿ’ ಎಂದ. ಅವತ್ತಿನಿಂದ ಅವನ ಮೇಲೆ ನನಗೆ ಅಕ್ಕರೆ.

ಆ ವರ್ಷ ಊರಿನ ಗೋಡೆಗಳ ಮೇಲೆ ‘ಭಾರಿ ಜಂಗಿ ಕುಸ್ತಿ’ ಎಂಬ ವಾಲ್‌ಪೋಸ್ಟರ್ ಬಂತು. ಸಣ್ಣ ಜೋಡಿಗಳ ಹೆಸರು ಕೆಳಗೆ, ಸಣ್ಣ ಅಕ್ಷರದಲ್ಲಿ. ಕೊನೆಯ ಜೋಡಿ ಮೇಲೆ, ಕೆಂಪು ಅಕ್ಷರದಲ್ಲಿ: ನರಸೀಪುರದ ಕೆಂಪರಾಜು, ನಂಜನಗೂಡು ಗರಡಿಯ ಕಳಲೆ ಪುಟ್ಟಸ್ವಾಮಿ. ಜೋಡಿ ಕಟ್ಟುವುದೆಂದರೆ ಕುಸ್ತಿಗೆ ಎಷ್ಟೋ ದಿನ ಮೊದಲೇ ಹಿರಿಯರು ಇಬ್ಬರನ್ನೂ ಎದುರುಬದುರು ನಿಲ್ಲಿಸುತ್ತಾರೆ. ಎತ್ತರ ನೋಡಿ, ಹೆಗಲು ಮುಟ್ಟಿ, ಸಮ ಎಂದು ಕಂಡರೆ ಕೈ ಕುಲುಕಿಸುತ್ತಾರೆ. ಕೈ ಕುಲುಕಿದವನು ಹಿಂದೆ ಸರಿಯುವಂತಿಲ್ಲ. ಇವರಿಬ್ಬರಿಗೆ ಒಂದೇ ಸಲಕ್ಕೆ ಎರಡು ಕುಸ್ತಿಗೆ ಕೈ ಕುಲುಕಿಸಿದ್ದರು. ಮೊದಲನೆಯದು ನಮ್ಮಲ್ಲಿ, ಎರಡನೆಯದು ನಂಜನಗೂಡಿನಲ್ಲಿ.

ನನಗಾಗ ಮನೆಯಲ್ಲಿ ಒಂದು ಹೊಸ ಸ್ಥಾನ ಸಿಕ್ಕಿತು. ಊಟಕ್ಕೆ ಕೂತಾಗಲೆಲ್ಲ ಮಾವನವರು ಕೇಳುತ್ತಿದ್ದರು. ‘ಏನವ್ವಾ, ನೀನು ಯಾರ್ ಕಡೆ? ನಿಮ್ಮೂರೋನೋ, ನಮ್ಮೂರೋನೋ?’

‘ಬಾದಾಮಿ ರುಬ್ತಿರೋಳು ನಾನೇ ಮಾವ’ ಎನ್ನುತ್ತಿದ್ದೆ. ಎಲ್ಲರೂ ನಗುತ್ತಿದ್ದರು. ಆ ಪ್ರಶ್ನೆ ಮುಂದೆ ನಗು ಬಿಟ್ಟು ಬರುತ್ತದೆ ಎಂದು ನನಗೆ ಗೊತ್ತಿರಲಿಲ್ಲ.

ಕುಸ್ತಿಯ ಅಖಾಡ ಮಿಲ್ಲಿನ ಪಕ್ಕದ ಬಯಲಿನಲ್ಲಿ. ಮಿಲ್ಲಿನ ಅಟ್ಟದಲ್ಲಿ ಬತ್ತದ ಮೂಟೆಗಳ ಹಿಂದೆ ಒಂದು ಕಿಟಕಿ. ಅತ್ತೆ ಮತ್ತು ನಾನು ಮೂಟೆಗಳ ಮೇಲೆ ಕೂತು ನೋಡಿದೆವು. ಕೆಳಗೆ ಜನ ಒಬ್ಬರ ಹೆಗಲ ಮೇಲೊಬ್ಬರು ಬಗ್ಗಿ ಅರೆಬರೆ ನೋಡುತ್ತಿದ್ದಾಗ, ನೋಡಬಾರದ ನಮ್ಮಿಬ್ಬರಿಗೆ ಎಲ್ಲ ಚೆನ್ನಾಗಿ ಕಾಣುತ್ತಿತ್ತು. ಆದರೆ ಮೇಲಿನಿಂದ ಕಾಣುವ ಕುಸ್ತಿಯೇ ಬೇರೆ. ಮುಖ ಕಾಣುವುದಿಲ್ಲ. ನೆತ್ತಿ, ಬೆನ್ನು, ಹಿಮ್ಮಡಿ, ಕೈಬೆರಳು.

ಹೊಳೆಯ ಕಡೆ ಬಿಸಿಲು ಇಳಿಯುವ ಹೊತ್ತಿಗೆ ಕೊನೆಯ ಜೋಡಿ ಬಂತು. ಬಹಳ ಹೊತ್ತು ಇಬ್ಬರೂ ಹಣೆಗೆ ಹಣೆ ಕೊಟ್ಟು ತಳ್ಳಾಡಿದರು. ಆಮೇಲೆ ಪುಟ್ಟಸ್ವಾಮಿ ಹೇಗೋ ನುಗ್ಗಿದ; ಕೆಂಪರಾಜು ಬೋರಲಾಗಿ ಬಿದ್ದ. ಬೋರಲು ಬಿದ್ದರೆ ಸೋಲಲ್ಲ, ಬೆನ್ನು ಮಣ್ಣಿಗೆ ತಾಗಬೇಕು. ಕೆಳಗಿದ್ದವನು ಮಣ್ಣು ಕಚ್ಚಿ ಮಲಗುತ್ತಾನೆ, ಮೇಲಿದ್ದವನು ಮಗುಚಲು ನೋಡುತ್ತಾನೆ. ಪುಟ್ಟಸ್ವಾಮಿಯ ತೋಳು ರಾಜುವಿನ ಕತ್ತಿನ ಸುತ್ತ ಇತ್ತು. ಜನ ‘ಬುಡಬ್ಯಾಡ ಕಣ್ಲಾ ರಾಜು’ ಎಂದು ಕೂಗುತ್ತಿದ್ದರು. ತಮಟೆ ಬಡಿಯುತ್ತಿತ್ತು. ತೀರ್ಪುಗಾರ ಇನ್ನೊಂದು ಪಕ್ಕದಲ್ಲಿ ಬಗ್ಗಿ ರಾಜುವಿನ ಬೆನ್ನನ್ನೇ ನೋಡುತ್ತಿದ್ದ.

ನಾನು ನೋಡುತ್ತಿದ್ದದ್ದು ರಾಜುವಿನ ಬಲಗೈ. ಅದು ಒಂದು ಮುಷ್ಟಿ ಮಣ್ಣನ್ನು ಬಿಗಿಯಾಗಿ ಹಿಡಿದಿತ್ತು. ಆ ಮುಷ್ಟಿ ಬಿಚ್ಚಿತು. ಬೆರಳ ಸಂದಿಯಿಂದ ಮಣ್ಣು ಉದುರಿತು. ಮುಷ್ಟಿ ಮತ್ತೆ ಮುಚ್ಚಲಿಲ್ಲ.

‘ಅತ್ತೆ, ರಾಜು ಕೈ ನೋಡಿ’ ಎಂದೆ. ಅತ್ತೆ ನನ್ನ ಮಣಿಕಟ್ಟು ಹಿಡಿದುಕೊಂಡರು. ನಾನು ಕಿಟಕಿಯಿಂದ ಕೂಗಿದೆ. ಏನೆಂದು ಕೂಗಿದೆನೋ ನೆನಪಿಲ್ಲ. ತಮಟೆಯ ಸದ್ದಿನಲ್ಲಿ ನನ್ನ ದನಿ ನನಗೇ ಕೇಳಿಸಲಿಲ್ಲ.

ಆಗ ಪುಟ್ಟಸ್ವಾಮಿ ಇದ್ದಲ್ಲೇ ತಟಕ್ಕನೆ ತಡೆದುಕೊಂಡ. ಮಗುಚುವ ಪ್ರಯತ್ನ ಬಿಟ್ಟ. ಕತ್ತಿನ ತೋಳು ಸಡಿಲಿಸಿ, ರಾಜುವಿನ ಎದೆಯ ಕೆಳಗೆ ಕೈ ತೂರಿಸಿ, ಹಿಂದಿನಿಂದ ತಬ್ಬಿಕೊಂಡು, ತಾನೇ ಹಿಮ್ಮುಖವಾಗಿ ಉರುಳಿದ. ಎರಡು ಮೈ ಒಂದಾಗಿ ತಿರುಗಿದವು. ಪುಟ್ಟಸ್ವಾಮಿಯ ಬೆನ್ನು ಪೂರ್ತಿ ಮಣ್ಣಿಗೆ ತಾಗಿತು. ಅವನ ಎದೆಯ ಮೇಲೆ ರಾಜು ಅಂಗಾತ. ಆಗ ಮೊದಲ ಸಲ ನನಗೆ ರಾಜುವಿನ ಮುಖ ಕಾಣಿಸಿತು. ಬಾಯಿ ತುಂಬ ಮಣ್ಣು. ಕಣ್ಣು ಅರ್ಧ ತೆರೆದಿತ್ತು, ಏನನ್ನೂ ನೋಡುತ್ತಿರಲಿಲ್ಲ.

ತೀರ್ಪುಗಾರ ರಾಜುವಿನ ಕೈ ಎತ್ತಿದ. ಬಯಲೆಲ್ಲ ಒಂದೇ ಸಲ ಎದ್ದಿತು. ಸೋಲುತ್ತಿದ್ದವನು ಕೆಳಗಿನಿಂದಲೇ ಎಗರಿಸಿ ಗೆದ್ದನೆಂದು ಜನ ತಿಳಿದರು. ಅವನನ್ನು ಹೆಗಲ ಮೇಲೆ ಹೊತ್ತು ಕುಣಿದರು. ಗೆದ್ದವನ ತಲೆ ಒಂದು ಕಡೆಗೆ ವಾಲಿ ಕುಣಿತದ ಜೊತೆ ಅಲ್ಲಾಡುತ್ತಿತ್ತು. ಸುಸ್ತು ಎಂದುಕೊಂಡು ಯಾರೋ ನೀರು ಚಿಮುಕಿಸಿದ ಮೇಲೆ ಅವನಿಗೆ ಎಚ್ಚರ ಬಂತು. ಇವತ್ತಿಗೂ ಗೆದ್ದವರನ್ನು ಹೆಗಲ ಮೇಲೆ ಹೊರುವುದನ್ನು ಟೀವಿಯಲ್ಲಿ ತೋರಿಸಿದರೆ ನಾನು ಎದ್ದು ಒಳಗೆ ಹೋಗುತ್ತೇನೆ.

ಮಾರನೆಯ ಬೆಳಿಗ್ಗೆ ಮನೆಯವರೆಲ್ಲ ಅಡುಗೆಮನೆಯಲ್ಲಿ ಕೂತಿದ್ದರು. ಗೆದ್ದವನಿಗೆ ಕಟ್ಟಿದ್ದ ಜರಿ ಪೇಟ ಗೂಟಕ್ಕೆ ನೇತುಹಾಕಿತ್ತು. ರಾಜುವಿನ ಬಲಗೈಯಿಂದ ಲೋಟ ಜಾರಿ ಬಿತ್ತು. ಎತ್ತಿಕೊಟ್ಟೆ, ಮತ್ತೆ ಜಾರಿತು.

‘ಉಳುಕು ಕಣ್ಲಾ’ ಎಂದರು ಮಾವ. ‘ಎಣ್ಣೆ ತಿಕ್ಕುಸ್ಕೊ. ನಂಜನಗೂಡಲ್ಲೂ ಹಿಂಗೇ ಎಗರ್ಸಿಬುಡು, ಆಯ್ತು.’

ರಾಜು ನನ್ನ ಕಡೆ ನೋಡಿ ನಕ್ಕ. ‘ಅತ್ತಿಗೆ, ನೀವು ಮೇಲಿಂದ ನೋಡುದ್ರಲ್ಲ, ಹೆಂಗ್ ಎಗರ್ಸ್ದೆ ನಾನು? ಕೊನೇದು ನಂಗೆ ಗ್ಯಾನ್ವೇ ಇಲ್ಲ.’

ಆ ಕೈ ಮತ್ತೆ ಅಖಾಡಕ್ಕೆ ಇಳಿಯುವುದನ್ನು ನೆನೆದೆ. ಕಂಡದ್ದನ್ನು ಕಂಡಷ್ಟೇ ಹೇಳಿದೆ. ಮುಷ್ಟಿ ಬಿಚ್ಚಿದ್ದು, ಮಣ್ಣು ಉದುರಿದ್ದು, ಪುಟ್ಟಸ್ವಾಮಿ ತಬ್ಬಿಕೊಂಡು ತಾನೇ ಉರುಳಿದ್ದು. ‘ನೀನು ಎಗರಿಸಲಿಲ್ಲ ರಾಜು. ನಿನಗೆ ಎಚ್ಚರ ಇರಲಿಲ್ಲ.’

ನನ್ನ ಗಂಡ ತಟ್ಟೆ ನೋಡುತ್ತಿದ್ದರು. ಮಾವನವರು ನಿಧಾನವಾಗಿ ಹೇಳಿದರು. ‘ತವರೂರೋನು ಸೋತ ಅಂತ ಸಂಕ್ಟ ಇರ್ತದೆ ಕಣವ್ವಾ. ಅದ್ಕೆ ಮನೆ ಮಗನ ಗೆಲುವ್ನ ಕಿತ್ಕೊಬ್ಯಾಡ.’

ನಂಬಿ ಎಂದು ಹೇಗೆ ಕೇಳುವುದು? ನಾನು ಆ ಮನೆಗೆ ಬಂದು ಇನ್ನೂ ಒಂದು ವರ್ಷ ತುಂಬಿರಲಿಲ್ಲ.

ಅತ್ತೆ ಒಲೆಯ ಮುಂದೆ ಮುದ್ದೆ ತೊಳಸುತ್ತಿದ್ದರು. ಕೋಲು ನಿಲ್ಲಿಸದೆ, ತಿರುಗಿಯೂ ನೋಡದೆ ಹೇಳಿದರು. ‘ಅವ್ಳ್ಯಾಕೆ ಸುಳ್ಳು ಯೋಳಾಳು? ನಾನೂ ಅಲ್ಲೇ ಇದ್ದೆ. ನನ್ ಮಗ ಕೈಲಿದ್ದ ಮಣ್ಣ ಬುಟ್ಟ. ಆ ಹುಡ್ಗ ನನ್ ಮಗನ್ನ ಎದೆ ಮ್ಯಾಲೆ ಮಲಗುಸ್ಕಂಡ.’

‘ನೆನ್ನೆನೇ ಯಾಕ್ ಯೋಳ್ನಿಲ್ಲ ನೀನು?’ ಎಂದರು ಮಾವ.

‘ನೀವು ಮೆರವಣಿಗೇಲಿ ಕುಣೀತಿದ್ರಿ. ಯಾರ್ಗೆ ಯೋಳ್ಲಿ?’

ರಾಜು ಅವ್ವನ ಕಡೆ ತಲೆ ತಿರುಗಿಸಲು ನೋಡಿದ. ಆಗಲಿಲ್ಲ. ಮಣೆಯ ಮೇಲೆ ಕೈಯೂರಿ ಇಡೀ ಮೈಯನ್ನು ತಿರುಗಿಸಿದ. ಅದನ್ನು ಮಾವನವರು ನೋಡಿದರು. ಮಧ್ಯಾಹ್ನದ ಬಸ್ಸಿಗೆ ಅವನನ್ನು ಮೈಸೂರಿನ ಆಸ್ಪತ್ರೆಗೆ ಅವರೇ ಕರೆದುಕೊಂಡು ಹೋದರು. ಕತ್ತಿನ ಮೂಳೆಗೆ ಪೆಟ್ಟಾಗಿದೆ, ಇನ್ನೊಂದು ಸಲ ಬಿದ್ದರೆ ಏಳುವುದಿಲ್ಲ ಎಂದರಂತೆ ಡಾಕ್ಟರು.

ಆದರೆ ಕೈ ಕುಲುಕಿಯಾಗಿತ್ತು. ಎರಡನೆಯ ಕುಸ್ತಿಯ ದಿನ ರಾಜು ನಂಜನಗೂಡಿಗೆ ಹೋದ, ಅಂಗಿ ಪಂಚೆಯಲ್ಲಿ, ಪೇಟವನ್ನು ಚೀಲದಲ್ಲಿಟ್ಟುಕೊಂಡು. ಅಲ್ಲಿ ನಡೆದದ್ದನ್ನು ನಾನು ಕಂಡಿಲ್ಲ. ಮಾವನವರು ಹೇಳಿದ್ದು ಇಷ್ಟು. ಅವನು ಅಖಾಡದ ಮಧ್ಯೆ ನಿಂತು, ನರಸೀಪುರದಲ್ಲಿ ಗೆದ್ದವನು ಪುಟ್ಟಸ್ವಾಮಿ ಎಂದು ಹೇಳಿ, ಪೇಟವನ್ನು ಅವನ ತಲೆಗೆ ಕಟ್ಟಿದ. ಒಬ್ಬರಿಗೂ ಸಂತೋಷವಾಗಲಿಲ್ಲವಂತೆ. ‘ದೊಡ್ ಕುಸ್ತಿನೇ ಇಲ್ಲ ಅಂದ್ಮೇಲೆ ನಾವ್ಯಾಕ್ ಬಂದೋ?’ ಎಂದು ಒಬ್ಬ ಚಪ್ಪಲಿ ತೂರಿದನಂತೆ.

ಕೆಲವು ದಿನದ ಮೇಲೆ ಪುಟ್ಟಸ್ವಾಮಿ ನಮ್ಮ ಮನೆಗೆ ಊಟಕ್ಕೆ ಬಂದ. ಹತ್ತಿರದಿಂದ ನೋಡಿದರೆ ನಾಚಿಕೆಯ ಮನುಷ್ಯ. ಅನ್ನ ಬಡಿಸಿದಷ್ಟೂ ಬೇಡ ಎನ್ನದೆ ತಿಂದ. ಅತ್ತೆ ಅವನ ಎದುರಿಗೇ ಕೂತಿದ್ದರು.

‘ಮಗುಚಿ ಗೆಲ್ಬೌದಿತ್ತಲ್ಲಪ್ಪಾ’ ಎಂದರು.

‘ಗ್ಯಾನ ತಪ್ದೋನ ಕತ್ತು ನಿಲ್ಲಾಕಿಲ್ಲ ಕಣವ್ವಾ. ಮಗುಚುದ್ರೆ ತಿರುಚ್ಕೊತದೆ. ಬುಟ್ಟು ಎದ್ರೆ ಮೂತಿ ಮಣ್ಣಾಗೇ ಇರ್ತದೆ. ಕೂಗುದ್ರೆ ತಮಟೇಲಿ ಯಾರ್ಗೆ ಕೇಳಾದು? ಅದ್ಕೆ ನಾನೇ ಕೆಳಿಕ್ಕೋದೆ.’

‘ಆಮೇಲಾದ್ರೂ ಹೇಳಬಹುದಿತ್ತಲ್ಲ?’ ಎಂದೆ ನಾನು.

ಅವನು ಸಾರು ಕಲಸುತ್ತಾ ನಕ್ಕ. ‘ಬಿದ್ದೋರೆಲ್ಲ ಅಂಗೇ ಯೋಳದು ಅಕ್ಕಾ.’

ರಾಜು ಮತ್ತೆ ಕುಸ್ತಿ ಆಡಲಿಲ್ಲ, ಮಿಲ್ಲು ನೋಡಿಕೊಂಡ. ಇಬ್ಬರೂ ಸ್ನೇಹಿತರಾದರು. ಪುಟ್ಟಸ್ವಾಮಿ ಈಗಿಲ್ಲ. ಅತ್ತೆಯೂ ಇಲ್ಲ. ರಾಜುವಿನ ಬಾಳಿನ ದೊಡ್ಡ ಕುಸ್ತಿಯ ಕೊನೆಯನ್ನು ರಾಜುವೇ ನೋಡಿಲ್ಲ, ಆದ್ದರಿಂದ ಬಂದಾಗಲೆಲ್ಲ ನನ್ನಿಂದ ಹೇಳಿಸುತ್ತಾನೆ. ನಾನೂ ಹೇಳುತ್ತೇನೆ, ಒಂದು ಮಾತು ಹೆಚ್ಚಿಲ್ಲದೆ, ಒಂದು ಮಾತು ಕಡಿಮೆಯಿಲ್ಲದೆ. ಹಾಗೆಂದು ಇಷ್ಟು ವರ್ಷ ಹೆಮ್ಮೆಪಟ್ಟುಕೊಂಡಿದ್ದೆ.

ಇವತ್ತು ಬೆಳಿಗ್ಗೆ ಪ್ಲಾಸ್ಟಿಕ್ ಚೀಲದಿಂದ ದಾಸವಾಳದ ಸಸಿಯನ್ನು ಬಿಡಿಸುತ್ತಿದ್ದೆ. ಬೇರಿನ ಮಣ್ಣು ಒಡೆಯಬಾರದು. ಅಂಗೈ ಅಗಲ ಮಾಡಿ ಕೆಳಗಿಟ್ಟು, ಬೆರಳುಗಳನ್ನು ಬಿಡಿಸಿ, ಅದರ ಭಾರವನ್ನೆಲ್ಲ ಕೈಗೆ ತೆಗೆದುಕೊಂಡೆ. ಆ ಕೈಯನ್ನು ನೋಡುತ್ತಾ ನಿಂತುಬಿಟ್ಟೆ. ಇದನ್ನು ನಾನು ಮೊದಲು ನೋಡಿದ್ದೇನೆ, ಮೇಲಿನಿಂದ.

ಸುತ್ತು ಹಾಕಿ ಅವನ ಎದುರಿಗೆ ಹೋದೆ.

‘ರಾಜು, ಉರುಳುವಾಗ ಪುಟ್ಟಸ್ವಾಮಿಯ ಎಡಗೈ ನಿನ್ನ ತಲೆ ಹಿಂದೆ ಇತ್ತು. ಅದೂ ಒಂದು ಪಟ್ಟು ಅಂದ್ಕೊಂಡು ನಾನು ಯಾವತ್ತೂ ಹೇಳಿಲ್ಲ.’

‘ಎಂಗಿತ್ತು?’

‘ಹೀಗೆ’ ಎಂದು ಸಸಿ ಹಿಡಿದ ಕೈಯನ್ನು ತೋರಿಸಿದೆ.

ಅವನು ನನ್ನ ಕೈಯನ್ನು ಬಹಳ ಹೊತ್ತು ನೋಡಿದ. ಪೇಪರ್ ಮಡಿಸಿ ಪಕ್ಕಕ್ಕಿಟ್ಟ. ಆಮೇಲೆ ತನ್ನ ಕೈಯನ್ನು ನಿಧಾನವಾಗಿ ಹಿಂದಕ್ಕೆ ಒಯ್ದು ಕತ್ತಿನ ಮೇಲೆ, ಕೂದಲು ಶುರುವಾಗುವ ಕಡೆ, ಇಟ್ಟುಕೊಂಡ.

‘ಅದ್ನೂ ಸೇರ್ಸಿ ಇನ್ನೊಂದ್ಸಲ ಯೋಳಿ ಅತ್ತಿಗೆ’ ಎಂದ. ‘ಮೊದ್ಲಿಂದ.’

ಸಸಿಯನ್ನು ಕುಂಡಕ್ಕೆ ಇಳಿಸಿ, ಮಣ್ಣುಗೈಯಲ್ಲೇ ಅವನ ಎದುರಿಗೆ ಕೂತೆ.