ಒಂದೇ ಅಕ್ಷರದ ಸಂಸಾರ

ನನ್ನ ಗಂಡನ ಹೆಸರನ್ನು ನಾನು ಬಾಯಿಬಿಟ್ಟು ಹೇಳಿದ ಸಂದರ್ಭಗಳನ್ನು ಎರಡು ಕೈಯ ಬೆರಳಲ್ಲಿ ಎಣಿಸಿಬಿಡಬಹುದು. ವೀಸಾ ಕೊಡುವವರ ಮುಂದೆ, ಹೆರಿಗೆ ಆಸ್ಪತ್ರೆಯಲ್ಲಿ, ಇಲ್ಲಿನ ಬ್ಯಾಂಕಿನವರು ಫೋನ್ ಮಾಡಿದಾಗ. ಮಿಕ್ಕಿದ್ದಕ್ಕೆಲ್ಲ ‘ರೀ’. ಗಂಡನ ಹೆಸರು ಹೇಳಿದರೆ ಅವನ ಆಯಸ್ಸು ಕಮ್ಮಿಯಾಗುತ್ತದೆ ಎಂದು ನಂಬುವವಳು ನಾನಲ್ಲ. ಹೆಸರು ಹಿಡಿದರೆ ಬರೀ ಕರೆದಂತಾಗುತ್ತದೆ, ಅಷ್ಟೆ. ‘ರೀ’ ಅಂದರೆ ಕರೆದದ್ದೂ ಆಯಿತು, ಹೇಳಬೇಕಾದ್ದರಲ್ಲಿ ಅರ್ಧ ಹೇಳಿದ್ದೂ ಆಯಿತು.

ಗಿಡ್ಡವಾಗಿ ಬಂದರೆ ತಟ್ಟೆ ಹಾಕಿದ್ದೇನೆ ಅಂತ. ಕೊನೆಯಲ್ಲಿ ರಾಗ ಎಳೆದುಕೊಂಡು ಬಂದರೆ ಏನೋ ಕೇಳುವುದಿದೆ, ಬಹುಶಃ ನನ್ನ ತಂಗಿಯ ಮನೆಯವರೆಲ್ಲ ಬೇಸಿಗೆಗೆ ಬಂದು ಒಂದು ತಿಂಗಳು ಇರುವ ವಿಚಾರ. ನೆಂಟರ ನಡುವೆ ನಗುಮುಖದಲ್ಲೇ ಹಲ್ಲು ಕಚ್ಚಿ ಅಂದರೆ, ಈ ಕತೆ ಹೋದ ಸಲವೂ ಹೇಳಿದ್ರಿ, ನಿಲ್ಲಿಸಿ ಎಂದರ್ಥ. ಅಡುಗೆಮನೆಯಿಂದ ಕಿಟಾರನೆ ಬಂದರೆ ಜಿರಳೆ. ಸೀರೆ ಉಟ್ಟು ಕನ್ನಡಿಯ ಮುಂದೆ ನಿಂತು ಪ್ರಶ್ನೆಯ ಹಾಗೆ ‘ರೀ?’ ಅಂದರೆ ಅದಕ್ಕೆ ಸರಿಯುತ್ತರ ಒಂದೇ, ಅದನ್ನು ತಡಮಾಡದೆ ಕೊಡಬೇಕು. ನಮ್ಮವರು ಇಂಜಿನಿಯರು, ಮಿಕ್ಸಿ ತಂದರೂ ಮೊದಲು ಅದರ ಪುಸ್ತಕ ಓದುವ ಮನುಷ್ಯ. ಇಷ್ಟನ್ನೂ ಯಾವ ಪುಸ್ತಕವಿಲ್ಲದೆ ಮದುವೆಯಾದ ಒಂದು ವರ್ಷದಲ್ಲಿ ಕಲಿತುಬಿಟ್ಟರು.

ಹಾಗಂತ ಶುರುವಿನಲ್ಲಿ ಎಲ್ಲ ಸಲೀಸಾಗಿರಲಿಲ್ಲ. ನಾನು ಬೆಂಗಳೂರಿನವಳು, ಅವರದು ಹುಬ್ಬಳ್ಳಿ. ನಮ್ಮ ಬೆಂಗಳೂರಲ್ಲಿ ದಾರಿಹೋಕರಿಗೆ ‘ರೀ’ ಅಂದರೆ ಜಗಳಕ್ಕೆ ಗಂಟೆ ಹೊಡೆದ ಹಾಗೆ. “ಏನ್ರೀ, ಮನೇಲಿ ಹೇಳಿ ಬಂದಿದೀರಾ?” ಅಂತ ಸ್ಕೂಟರಿನವನನ್ನು ಬೈಯುವಾಗ ಮರ್ಯಾದೆ ತಾನಾಗಿಯೇ ಬಂದುಬಿಡುತ್ತದೆ. ಹುಬ್ಬಳ್ಳಿಗೆ ಹೋದ ಮೊದಲ ವಾರ ನೋಡುತ್ತೇನೆ, ನಮ್ಮತ್ತೆ ಬಾಗಿಲಲ್ಲಿ ನಿಂತು ಸೊಪ್ಪಿನವನಿಗೆ “ಯಾಕ್ರೀ, ನಿನ್ನೆ ಬರಲೇ ಇಲ್ಲಲ್ರೀ?” ಅಂದರು. ಅವನು “ಜ್ವರ ಬಂದಿತ್ರೀ ಅವ್ವಾರ” ಅಂದ. ಹಾಲಿನವನಿಗೆ ರೀ, ಪೋಸ್ಟಿನವನಿಗೆ ರೀ, ಎದುರುಮನೆ ಸೊಸೆಗೂ ರೀ! ಒಬ್ಬರಿಗೆಂದು ನಾನು ಜತನವಾಗಿ ತಂದ ಮಾತನ್ನು ಇವರು ಊರಿಗೆಲ್ಲ ಹಂಚುತ್ತಿದ್ದಾರಲ್ಲ ಅಂತ ನನಗೆ ಅಳುವೇ ಬಂತು. ನಮ್ಮವರಿಗೆ ಹೇಳಿದರೆ ಬಿದ್ದು ಬಿದ್ದು ನಕ್ಕರು. “ಎಲ್ಲಾರೂ ಅಂತಾರ, ಆದ್ರ ನಿನ್ನಂಗ ಯಾರೂ ಅನ್ನೂದಿಲ್ಲ ಬಿಡು” ಅಂದರು. ಬೆಣ್ಣೆ ಹಚ್ಚುವುದರಲ್ಲಿ ಹುಬ್ಬಳ್ಳಿಯವರು ಕಮ್ಮಿಯೇನಿಲ್ಲ.

ಆಮೇಲೆ ಕ್ಯಾಲಿಫೋರ್ನಿಯಾದ ಟೊರೆನ್ಸಿಗೆ ಬಂದೆವು. ಮಗಳು ಹುಟ್ಟಿದಳು, ಬೆಳೆದಳು, ಓದಲಿಕ್ಕೆ ಸ್ಯಾನ್ ಡಿಯೇಗೋಗೆ ಹೋದಳು. ಇವರು ಬೆಳಿಗ್ಗೆ ಕಾರು ಹತ್ತಿ ಹೋದರೆ ಸಂಜೆಗೇ ಬರುವುದು, ಹಾಗಾಗಿ ದಿನಕ್ಕೆ ಐದಾರು ‘ರೀ’ ಸಾಕಾಗುತ್ತಿತ್ತು. ಎರಡು ಸಾವಿರದ ಇಪ್ಪತ್ತರಲ್ಲಿ ಲಾಕ್‌ಡೌನ್ ಆಗಿ ಮನೆಯಿಂದಲೇ ಕೆಲಸ ಅಂತಾದ ಮೇಲೆ ನೋಡಿ, ದಿನಕ್ಕೆ ನಲವತ್ತಾಯಿತು. ನಮ್ಮ ಬೀದಿಯೋ, ಒಣಗಿದ ಎಲೆ ಬಿದ್ದರೂ ಕೇಳುವಷ್ಟು ನಿಶ್ಶಬ್ದ.

ಒಂದು ಬೆಳಿಗ್ಗೆ ಹಿತ್ತಿಲಿನಲ್ಲಿ ಹೆಣ್ಣು ದನಿ: “ರೀ! ರೀ!” ನಾನು ಒಲೆಯ ಮುಂದಿದ್ದೇನೆ. ನಾನಲ್ಲದೆ ಇನ್ಯಾರು ಕರೆಯುತ್ತಿದ್ದಾರೆ ನಮ್ಮವರನ್ನು? ದೋಸೆ ಮಗುಚುವ ಸಟ್ಟುಗ ಹಿಡಿದುಕೊಂಡೇ ಓಡಿದೆ. ಪಕ್ಕದ ಮನೆಯ ಅಮೆರಿಕನ್ ಅಜ್ಜಿ, ಎಂಬತ್ತು ದಾಟಿದವರು, ಬೇಲಿಯ ಮೇಲಿಂದ ಒಂದು ಚೀಲ ನಿಂಬೆಹಣ್ಣು ಚಾಚಿಕೊಂಡು ನಿಂತಿದ್ದಾರೆ. ನಮ್ಮವರು ಮುಖವೆಲ್ಲ ಹಲ್ಲಾಗಿ ಇಸಕೊಳ್ಳುತ್ತಿದ್ದಾರೆ. ಅಷ್ಟು ದಿನ ಬೇಲಿಯಾಚೆಯಿಂದ ನನ್ನ ಕೂಗು ಕೇಳಿ ಕೇಳಿ, ಅದೇ ಇವರ ಹೆಸರು ಅಂದುಕೊಂಡುಬಿಟ್ಟಿದ್ದರು ಅಜ್ಜಿ!

ನಾನು ಬಿಡಿಸಿ ಹೇಳಿದೆ. ಇದು ಹೆಸರಲ್ಲ, ಹೆಂಡತಿ ಗಂಡನನ್ನು ಕರೆಯುವ ಮಾತು ಅಂದೆ. ಅಜ್ಜಿ ಬಾಯಿಗೆ ಕೈ ಇಟ್ಟುಕೊಂಡು ನಕ್ಕರು, ಕ್ಷಮಿಸು ಅಂದರು, ಮರುದಿನ ಮತ್ತೆ “ರೀ!” ಅಂದರು. ಅವರಿಗೆ ನಮ್ಮವರ ನಿಜವಾದ ಹೆಸರು ಬಾಯಲ್ಲಿ ಹೊರಳುತ್ತಿರಲಿಲ್ಲವಂತೆ. ನಮ್ಮವರೋ, “ಕರೀಲಿ ಬಿಡು ಪಾಪ, ವಯಸ್ಸಾಗೇತಿ” ಅಂತ ಧಾರಾಳವಾಗಿಬಿಟ್ಟರು. ಅವರ ಆ ಧಾರಾಳ ನನಗೇನೂ ಹಿಡಿಸಲಿಲ್ಲ.

ಹಿಡಿಸದಿರುವುದಕ್ಕೆ ಕಾರಣವಿತ್ತು. ಅಜ್ಜಿ ಕರೆದರೆ ಇವರು ಥಟ್ಟನೆ ಓಗೊಡುತ್ತಿದ್ದರು. ನಾನು ಕರೆದರೆ ಇಲ್ಲ. ಅಡುಗೆಮನೆಯಿಂದ ಒಂದು ‘ರೀ’, ಉತ್ತರವಿಲ್ಲ. ಎರಡು, ಇಲ್ಲ. ಮೂರನೆಯದಕ್ಕೆ ಹೋಗಿ ಬಾಗಿಲಲ್ಲಿ ನಿಂತು ಕಿರುಚಿದರೆ, “ಏನು? ಯಾಕ ಒದರ್ತಿ?” ಅಂತ ನನಗೇ ತಿರುಗಿಸುವುದು. ರಾಗ ಎಳೆದದ್ದು, ಹಲ್ಲು ಕಚ್ಚಿದ್ದು ಯಾವುದೂ ನಾಟುತ್ತಿರಲಿಲ್ಲ. ಒಂದು ದಿನ ಹೊಸ ಸೀರೆ ಉಟ್ಟು ಹಿಂದೆ ನಿಂತು ಕೇಳಿದೆ, ಈ ಮಹಾರಾಯರು ಲ್ಯಾಪ್‌ಟಾಪಿನಿಂದ ತಲೆ ಎತ್ತಲಿಲ್ಲ. ಸೀರೆ ಬಿಚ್ಚಿ ಮಡಿಸಿಟ್ಟು, ರಾತ್ರಿ ಬರೀ ಮೊಸರನ್ನ ಮಾಡಿ ಬಡಿಸಿದೆ.

“ನಾನು ಅಂದ್ರೆ ಗೋಡೆ ಅಲ್ವಾ ನಿಮಗೆ?” ಅಂದೆ.

“ನೀನ ಬಾಯೊಳಗ ಮಾತಾಡ್ತಿ. ತುಟಿ ಬಿಚ್ಚಿ ಹೇಳು.”

ನಾನು ಬಾಯೊಳಗೆ ಮಾತಾಡುತ್ತೇನಂತೆ! ನಮ್ಮಪ್ಪನ ಮನೆಯಲ್ಲಿ ನನ್ನನ್ನು ಲೌಡ್‌ಸ್ಪೀಕರ್ ಅನ್ನುತ್ತಿದ್ದರು.

ಅಂಗಡಿಗೆ ಹೋದಾಗ ಇನ್ನೊಂದು ನೋಡಿದೆ. ಆಗ ಎಲ್ಲರ ಮುಖಕ್ಕೂ ಮಾಸ್ಕು. ಕೌಂಟರಿನ ಹುಡುಗಿ ಏನೋ ಕೇಳುತ್ತಾಳೆ, ಇವರು ನಗುತ್ತಾ ತಲೆಯಾಡಿಸುತ್ತಾರೆ. ಚೀಲ ಬೇಕಾ ಅಂದರೂ ತಲೆಯಾಡಿಸುವುದು, ಹಾಲಿನ ಡಬ್ಬಿ ಸೋರುತ್ತಿದೆ ಅಂದರೂ ತಲೆಯಾಡಿಸುವುದು. ಸೋರುವ ಡಬ್ಬಿಯನ್ನೇ ಕಾರಿಗೆ ತಂದರು. ನಾನು ದಾರಿಯುದ್ದಕ್ಕೂ ಬೈದೆ. ಯಾಕೆ ಹೀಗೆ ಎಂದು ಮಾತ್ರ ಯೋಚಿಸಲಿಲ್ಲ, ಬೈಯುವುದು ಸುಲಭವಾಗಿತ್ತು.

ಯೋಚಿಸುವ ಹಾಗೆ ಮಾಡಿದವರು ಅಜ್ಜಿಯೇ. ಒಂದು ದಿನ ಬೇಲಿಯ ಹತ್ತಿರ ನನ್ನನ್ನು ಕರೆದು, ನಿನ್ನ ಗಂಡನಿಗೆ ಕಿವಿ ಕೇಳುತ್ತಿಲ್ಲ ಕಣಮ್ಮಾ ಅಂದರು. ಆ ನಗು, ಆ ತಲೆಯಾಡಿಸುವುದು ನನಗೆ ಗೊತ್ತು, ಹತ್ತು ವರ್ಷ ನಾನೂ ಹಾಗೇ ಮಾಡಿ ಎಲ್ಲರಿಗೂ ಟೋಪಿ ಹಾಕಿದ್ದೆ ಅಂತ ಬಿಳಿಗೂದಲು ಸರಿಸಿ ತೋರಿಸಿದರು. ಎರಡು ಕಿವಿಗೂ ಪುಟ್ಟ ಮಷೀನು. ತಾನು ಎದುರಿಗೇ ನಿಂತು, ಮುಖ ತೋರಿಸಿ, ಗಟ್ಟಿಯಾಗಿ ಕರೆಯುತ್ತೇನೆ, ಅದಕ್ಕೇ ಅವನಿಗೆ ಕೇಳಿಸುತ್ತದೆ ಅಂದರು. ಒಂದು ವರ್ಷ ಈ ಅಜ್ಜಿಯ ಮೇಲೆ ಹೊಟ್ಟೆಕಿಚ್ಚು ಪಟ್ಟಿದ್ದೆನಲ್ಲ, ಥೂ ನನ್ನ ಬುದ್ಧಿಗೆ!

ಆದರೆ ನಮ್ಮವರು ಒಪ್ಪಬೇಕಲ್ಲ. “ನನ್ನ ಕಿವಿ ಚಲೋ ಅದಾವ” ಅನ್ನುವುದೊಂದೇ ಮಂತ್ರ. ಮೀಟಿಂಗಿನ ಹೆಡ್‌ಸೆಟ್ಟಿನ ದನಿ ಅಡುಗೆಮನೆಯಲ್ಲಿದ್ದ ನನಗೇ ಕೇಳುತ್ತಿತ್ತು, ಅವರ ಆಫೀಸಿನ ಗುಟ್ಟೆಲ್ಲ ನನಗೆ ಬಾಯಿಪಾಠವಾಗಿತ್ತು, ಆದರೂ ಕಿವಿ ಚಲೋ! ನಾನು ಡಾಕ್ಟರ ಹತ್ತಿರ ಹೋಗೋಣ ಅಂದಾಗಲೆಲ್ಲ ಅದೊಂದೇ ಅವರಿಗೆ ನಿಜವಾಗಿಯೂ ಕೇಳಿಸುತ್ತಿರಲಿಲ್ಲ. ಹೀಗೇ ಇನ್ನೊಂದು ವರ್ಷ ಕಳೆಯಿತು. ಅಷ್ಟರಲ್ಲಿ ನನ್ನ ‘ರೀ’ಗಳೆಲ್ಲ ಒಂದೊಂದಾಗಿ ಬಿದ್ದುಹೋಗಿ ಒಂದೇ ಉಳಿದಿತ್ತು, ಕಿರುಚುವುದು. ಊಟಕ್ಕೂ ಅದೇ, ಜಿರಳೆಗೂ ಅದೇ. ಕಿರುಚಿಕೊಂಡು ಪ್ರೀತಿಯ ಮಾತಾಡುವುದು ಹೇಗೆ? ಹಾಗಾಗಿ ಆಡುವುದನ್ನೇ ಬಿಟ್ಟಿದ್ದೆ. ಇನ್ನು ಮುಂದೆ ನಮ್ಮಿಬ್ಬರ ನಡುವೆ ಉಳಿಯುವುದು ಊಟಕ್ಕೆ ಬನ್ನಿ, ಗ್ಯಾಸ್ ಆಫ್ ಮಾಡಿ ಅನ್ನುವ ಕೂಗು ಮಾತ್ರವೇನೋ ಅಂತ ನನಗೆ ನಿಜಕ್ಕೂ ಹೆದರಿಕೆಯಾಗಿತ್ತು.

ಆ ವರ್ಷದ ಕೊನೆಗೆ ಒಂದು ಶನಿವಾರ ಮಗಳನ್ನು ನೋಡಲು ಹೋದೆವು. ಕ್ಯಾಂಪಸ್ಸಿನ ಪಕ್ಕದ ಯೂನಿವರ್ಸಿಟಿ ಸಿಟಿ ಎಂಬ ಬಡಾವಣೆಯಲ್ಲಿ ಅವಳ ಅಪಾರ್ಟ್‌ಮೆಂಟು. ಅಲ್ಲಿಗೆ ಹೋಗಿ ಅರ್ಧ ಗಂಟೆಯಾಗಿರಲಿಲ್ಲ, ಅವಳು ಇಂಗ್ಲಿಷಿನಲ್ಲಿ ಕೇಳಿದಳು, ಅಪ್ಪನ ಮೇಲೆ ಯಾಕೆ ಹೀಗೆ ಯಾವಾಗಲೂ ಕಿರುಚುತ್ತೀಯ ಅಂತ. ನನಗೆ ಎಲ್ಲಿತ್ತೋ ಸಿಟ್ಟು! “ನಿಮ್ಮಪ್ಪನ್ನೇ ಕೇಳು” ಅಂದೆ. ಅವಳು ಅಪ್ಪನ ಮುಖ ನೋಡಿದಳು. ಅಪ್ಪ ನಗುತ್ತಾ ತಲೆಯಾಡಿಸಿದರು.

ಸಂಜೆ ಕ್ಯಾಂಪಸ್ಸಿನಲ್ಲಿ ಅಡ್ಡಾಡಲು ಹೊರಟೆವು. ಇವರು ಮುಂದೆ, ನೀಲಗಿರಿ ಮರಗಳನ್ನು ನೋಡಿಕೊಂಡು ರಸ್ತೆಯ ನಟ್ಟನಡುವೆ. ನಾನೂ ಮಗಳೂ ಹತ್ತು ಹೆಜ್ಜೆ ಹಿಂದೆ. ನಮ್ಮ ಪಕ್ಕದಿಂದ ಒಬ್ಬ ವಿದ್ಯಾರ್ಥಿ ಕರೆಂಟಿನ ಸ್ಕೂಟರಿನ ಮೇಲೆ ನಿಂತು ಗಂಟೆ ಬಾರಿಸುತ್ತಾ ಬರ್ರನೆ ಮುಂದೆ ಹೋದ. “ರೀ!” ಅಂದೆ. ಅದು ಅಪಾಯದ ರೀ, ಮೊದಲಾಗಿದ್ದರೆ ಆ ಒಂದಕ್ಕೆ ಇವರು ಪಕ್ಕಕ್ಕೆ ಜಿಗಿಯುತ್ತಿದ್ದರು. ಜಿಗಿಯಲಿಲ್ಲ. ಇವರನ್ನು ತಪ್ಪಿಸಲು ಹೋಗಿ ಆ ಮಹಾನುಭಾವ ಸ್ಕೂಟರ್ ಸಮೇತ ಪೊದೆಯೊಳಗೆ ಬಿದ್ದ. ಅವನಿಗೇನೂ ಆಗಲಿಲ್ಲ, ಎದ್ದು ತಲೆಯಿಂದ ಎಲೆ ತೆಗೆದುಕೊಂಡು ತಾನೇ ಸಾರಿ ಕೇಳಿದ. ನಮ್ಮವರು ಅಷ್ಟಾದ ಮೇಲೆ ತಿರುಗಿ, “ಏನಾತು? ಯಾರು ಇಂವಾ?” ಅಂದರು.

ಮಗಳ ಮುಖ ಬೆಳ್ಳಗಾಗಿತ್ತು. ಹತ್ತಿರ ಹೋಗಿ ಅವರ ಎರಡೂ ತೋಳು ಹಿಡಿದು, ಮುಖಕ್ಕೆ ಮುಖ ಕೊಟ್ಟು, ಒಂದೊಂದೇ ಪದ ಹುಡುಕಿಕೊಂಡು ಕನ್ನಡದಲ್ಲಿ ಹೇಳಿದಳು. “ಅಪ್ಪಾ. ನೀನು ಕಿವಿ ತೋರ್ಸ್ಬೇಕು. ನಂಗೆ ಭಯ ಆಗತ್ತೆ.” ಮಗಳ ಬಾಯಲ್ಲಿ ಕನ್ನಡ ಬಂದರೆ ಅವಳು ಏನು ಕೇಳಿದರೂ ಇವರು ಕೊಟ್ಟುಬಿಡುವವರು. ಆಗಲಿ ಅಂದರು.

ವಾಪಸು ಬರುವಾಗ ಫ್ರೀವೇಯಲ್ಲಿ ನಾನೇ ಡ್ರೈವ್ ಮಾಡಿದೆ. ಅರ್ಧ ದಾರಿಯಲ್ಲಿ ಇವರು ತಾವಾಗಿಯೇ ಮಾತು ತೆಗೆದರು. “ಕಿವ್ಯಾಗ ಮಷೀನ ಹಾಕ್ಕೊಂಡ್ರ ಆಫೀಸಿನ್ಯಾಗ ಮುದುಕ ಅಂತಾರ ಅಂತ ಅಂಜಿದ್ನಿ. ಹೆಂಗೂ ನೀ ಒದರಿದ್ರ ಕೇಳಸ್ತೈತಲ್ಲ, ನನಗ ಅಷ್ಟ ಸಾಕಿತ್ತು.”

“ನನಗೆ ಸಾಕಾಗಿರ್ಲಿಲ್ಲ” ಅಂದೆ. ಗಟ್ಟಿಯಾಗಿಯೇ ಅಂದೆ. ಅವರು ನನ್ನ ಮೊಣಕೈಯನ್ನು ಮೆಲ್ಲಗೆ ಒತ್ತಿದರು.

ಟೊರೆನ್ಸಿನಲ್ಲೇ ಕಿವಿ ಪರೀಕ್ಷೆ ಆಯಿತು. ಗಾಜಿನ ಗೂಡಿನೊಳಗೆ ಕೂರಿಸಿ ಸದ್ದು ಕೇಳಿಸಿ ಚಾರ್ಟ್ ತೆಗೆದರು. ಜೋರು ದನಿ ಕೇಳುತ್ತದೆ, ಮೆಲುದನಿ ಜಾರಿಹೋಗುತ್ತದೆ, ಹೆಂಗಸರ ಸಣ್ಣ ದನಿಯಂತೂ ಇನ್ನೂ ಕಷ್ಟ ಅಂದಳು ಪರೀಕ್ಷೆ ಮಾಡಿದ ತರುಣಿ. ಎರಡು ವಾರಕ್ಕೆ ಮಷೀನು ಬಂತು. ಕಿವಿಯ ಹಿಂದೆ ಸಿಕ್ಕಿಸಿ ಆನ್ ಮಾಡಿದಳು. ನಮ್ಮವರು ಬೆಚ್ಚಿದರು.

“ಇದೇನ ಸಪ್ಪಳ?”

“ಎಲ್ಲಿ?”

ಹುಡುಕಿದರು, ನೋಡಿದರೆ ಅವರದೇ ಅಂಗಿಯ ತೋಳು ಕುರ್ಚಿಗೆ ಉಜ್ಜುತ್ತಿದ್ದ ಸದ್ದು. ಮತ್ತೆ ಉಜ್ಜಿ ನೋಡಿದರು, ಇನ್ನೊಂದು ಸಲ ಉಜ್ಜಿದರು. ಹೊಸ ಆಟಿಕೆ ಸಿಕ್ಕ ಮಗುವಿನ ಸಂಭ್ರಮ. ನಾನೂ ಆ ತರುಣಿಯೂ ನಕ್ಕೆವು.

ಆಮೇಲೆ ಅವಳು ಅವರನ್ನು ಗೋಡೆಯ ಕಡೆ ಮುಖ ಮಾಡಿ ಕೂರಿಸಿ, ನನ್ನನ್ನು ಕೋಣೆಯ ಇನ್ನೊಂದು ಕೊನೆಗೆ ಕಳಿಸಿದಳು. ನಿಮ್ಮ ಮಾಮೂಲು ದನಿಯಲ್ಲಿ ಏನಾದರೂ ಹೇಳಿ, ಜೋರು ಮಾಡಬೇಡಿ ಅಂದಳು. ನನಗೆ ಮಾಮೂಲು ದನಿ ಯಾವುದು ಅಂತಲೇ ಮರೆತುಹೋಗಿತ್ತು. ಅವರ ಬೆನ್ನು ಕಾಣುತ್ತಿತ್ತು, ಹಿಂದೆ ನೆತ್ತಿಯಲ್ಲಿ ಕೂದಲು ತೆಳ್ಳಗಾಗಿದ್ದು ಕಾಣುತ್ತಿತ್ತು. ಇದೂ ನಾಟದಿದ್ದರೆ ಏನು ಗತಿ ಅನ್ನಿಸಿ ಕಣ್ಣೊರೆಸಿಕೊಂಡೆ. ಇದ್ದಬದ್ದ ಧೈರ್ಯ ತಂದುಕೊಂಡು, ನನಗೇ ಕೇಳಿಸಿತೋ ಇಲ್ಲವೋ ಅನ್ನುವಷ್ಟು ಮೆಲ್ಲಗೆ ಅಂದೆ.

“ರೀ.”

ಅವರು ತಿರುಗಲಿಲ್ಲ.

“ಯಾಕ, ಅಳಾಕತ್ತೀಯೇನ?” ಅಂದರು.

“ಇಲ್ಲ ಕಣ್ರೀ” ಅಂತ ತುಟಿಯೊಳಗೇ ಅಂದೆ. ಅದೂ ಕೇಳಿಸಿತು ಅವರಿಗೆ.