ನಡುವೆ ನಿಂತ ಧಾರಾವಾಹಿ

ಇವತ್ತು ಬೆಳಿಗ್ಗೆ ಮಾರಿಕುಪ್ಪಂ ರೈಲಿನಲ್ಲಿ ಎದುರಿಗೆ ಕೂತ ಹೆಂಗಸನ್ನು ಎಲ್ಲೋ ನೋಡಿದ್ದೇನಲ್ಲ ಅನ್ನಿಸಿ, ಬಂಗಾರಪೇಟೆಯವರೆಗೂ ತಲೆ ಕೆಡಿಸಿಕೊಂಡೆ. ಕೊನೆಗೆ ಹೊಳೆಯಿತು: ಟೀವಿಯಲ್ಲಿ. ಇಲ್ಲವೇ ಆಂಡರ್ಸನ್‌ಪೇಟೆಯಲ್ಲಿ. ಈ ಗೊಂದಲವನ್ನು ನನಗೆ ಅಂಟಿಸಿದ್ದು ಮೂರು ವರ್ಷದ ಹಿಂದಿನ ಒಂದು ಧಾರಾವಾಹಿ.

ಆಗ ನಾನು ಓದಲೆಂದು ಆಂಡರ್ಸನ್‌ಪೇಟೆಯ ಸೋದರತ್ತೆಯ ಮನೆಯಲ್ಲಿದ್ದೆ. ವಿಚಿತ್ರ ಧಾರಾವಾಹಿ ನೋಡಿ ಅದು. ನಾಯಕನಿಲ್ಲ, ವಿಷ ಹಾಕುವ ನಾದಿನಿಯೂ ಇಲ್ಲ. ಇವತ್ತು ಹಾಲಿನವಳ ಕತೆಯಲ್ಲಿ ಅರೆಗಳಿಗೆ ಬಂದು ಹೋದ ಕಂಡಕ್ಟರನದೇ ನಾಳೆಯ ಕತೆ. ಅವನ ಬಸ್ಸಿನಲ್ಲಿ ತೂಕಡಿಸುತ್ತಿದ್ದವಳದು ನಾಡಿದ್ದು. ಲೆಕ್ಕವಿಡದಿದ್ದರೆ ಊಟ ಸೇರದ ನಾನು, ತಾರೀಕು ಹಾಕಿ, ಯಾರಿಗೆ ಯಾರು ಏನಾಗಬೇಕೆಂದು ಬರೆದುಕೊಳ್ಳತೊಡಗಿದೆ. ನಲವತ್ತೊಂದು ಜನರಾದ ಮೇಲೆ, ಮೀಸೆ ಬೋಳಿಸಿಕೊಂಡ ಒಬ್ಬನನ್ನು ಎರಡು ಸಲ ಎಣಿಸಿದ್ದೇನೆಂದು ತಿಳಿಯಿತು.

"ಅವ್ನು ಆಲಿನೋಳ ಮೈದ ಕಣ್ಲಾ," ಎಂದರು ಅತ್ತೆ, ಅವರೆಕಾಯಿ ಸುಲಿಯುತ್ತಲೇ. "ಪರೀಕ್ಸೇಲಿ ಇಷ್ಟು ಬರ್ದಿದ್ರೆ ಪಾಸಾದ್ರೂ ಆಗ್ತಿದ್ದೆ."

ಒಬ್ಬ ತಾಯಿಯ ಕತೆ ಬಂದಾಗ ಮಾತ್ರ ಅತ್ತೆಯ ಕೈ ನಿಲ್ಲುತ್ತಿತ್ತು. ಆ ತಾಯಿ ಮಗಳೊಡನೆ ಮಾತು ಬಿಟ್ಟಿದ್ದಳು. ಅತ್ತೆಯೂ ಹಾಗೆಯೇ. ಕಾಮಸಮುದ್ರಕ್ಕೆ ಕೊಟ್ಟ ಮಗಳು ಮಂಜಕ್ಕ, ಮಗುವಿನ ಮುಡಿ ತೆಗೆಸುವಾಗ ತವರಿಗೆ ಹೇಳಿಕಳಿಸಲಿಲ್ಲವೆಂದು ಎರಡು ವರ್ಷದಿಂದ ಅತ್ತೆ ಅವಳ ಹೆಸರನ್ನೇ ಎತ್ತಿರಲಿಲ್ಲ.

ಟೀವಿಯ ತಾಯಿ ಒಂದು ಸಂಜೆ ಮಗಳ ಮನೆಗೆ ಹೋಗಿ, ಬಾಗಿಲು ತಟ್ಟಲೋ ಬೇಡವೋ ಎಂದು ಕೈಯೆತ್ತಿ ನಿಂತಳು. ಮರುದಿನ ಆ ಹೊತ್ತಿಗೆ ಅಡುಗೆ ಕಾರ್ಯಕ್ರಮ ಬಂತು. ಅದರ ಮರುದಿನವೂ.

"ತಟ್ಟಿದ್ಲಾ, ಇಲ್ವಾ?"

"ಗೊತ್ತಿಲ್ಲ ಅತ್ತೆ. ನಿಲ್ಲಿಸಿಬಿಟ್ರು."

"ಮತ್ತೆ ಅಷ್ಟೊಂದು ಬರಕೊಂಡಿದ್ದು ಏನಕ್ಲಾ?"

ಮೂರನೆಯ ದಿನ ಅತ್ತೆ ಸೀರೆ ಬದಲಿಸಿ ಬಂದು, ಕಾಮಸಮುದ್ರದ ಬಸ್ಸು ಎಷ್ಟು ಹೊತ್ತಿಗೆಂದು ಕೇಳಿದರು. ನಾನೂ ಜೊತೆಗೆ ಹೊರಟೆ. ಮಗಳ ಮನೆಯ ಮುಂದೆ ಕೈಯೆತ್ತಿದರು, ತಟ್ಟಲಿಲ್ಲ. ನಾನೇ ತಟ್ಟಿಬಿಡಲೇ ಅಂದುಕೊಳ್ಳುವಷ್ಟರಲ್ಲಿ ಬಾಗಿಲು ತೆರೆಯಿತು. ಹಸುವಿಗೆ ಕಲಗಚ್ಚು ಇಡಲು ಹೊರಟಿದ್ದ ಮಂಜಕ್ಕ, ತಾಯಿಯನ್ನೂ ಆ ಎತ್ತಿದ ಕೈಯನ್ನೂ ನೋಡಿದಳು.

"ಅಮ್ಮಾ, ನೀನೂ ಅದನ್ನ ನೋಡ್ತಿದ್ಯಾ?"

"ಯಾವ್ದನ್ನ?" ಅತ್ತೆ ಸಿಡುಕಿದರು. "ಕೈ ನೋಯ್ತದೆ, ಒಳೀಕ್ ಕರಿಯೇ ಮೊದ್ಲು."

ಅವರು ಅವತ್ತು ಮಗಳನ್ನು ನೋಡಲು ಹೋದರೋ, ಕತೆ ಮುಗಿಸಲು ಹೋದರೋ ನನಗಿನ್ನೂ ಅರ್ಥವಾಗಿಲ್ಲ. ಈಗ ತಾಯಿ ಮಗಳು ವಾರಕ್ಕೊಮ್ಮೆಯಾದರೂ ಜಗಳವಾಡಿ, ಇಬ್ಬರೂ ನನಗೆ ಫೋನ್ ಮಾಡುತ್ತಾರೆ. ಈ ಸಂಜೆ ಅತ್ತೆಯ ಸರದಿ.

"ಅವ್ಳು ಏನಂದ್ಲು ಗೊತ್ತೇನ್ಲಾ?"

ಮೊದಲಾಗಿದ್ದರೆ ಯಾವಾಗ, ಯಾರ ಮುಂದೆ, ಮೊದಲು ಅಂದವರು ಯಾರು ಎಂದೆಲ್ಲ ಕೇಳುತ್ತಿದ್ದೆ. "ಹೇಳಿ ಅತ್ತೆ," ಅಂದು ಗೋಡೆಗೊರಗಿ ಕೂತೆ.